ಆಕಾಶದಲ್ಲಿ ಲೋಟದ ಗುರುತು

ಆಮ್ಲದಿಂದ ತಾಮ್ರದ ತಗಡನ್ನು ಎತ್ತಿ, ತೊಳೆದು, ಮೇಣ ಒರೆಸಿದ ಚಿತ್ರಗಾರನ ಎದೆ ಧಸಕ್ಕೆಂದಿತು. ತಗಡಿನಲ್ಲಿ ಅವನು ಬಿಡಿಸಿದ್ದ ಪಾಳುಬಿದ್ದ ಅರಮನೆಯ ನೆತ್ತಿಯ ಮೇಲೆ, ಖಾಲಿ ಇರಬೇಕಾಗಿದ್ದ ಆಕಾಶದಲ್ಲಿ, ಬಳೆಯಷ್ಟು ದುಂಡನೆಯ ಗೆರೆಯೊಂದು ಆಳವಾಗಿ ಕೊರೆದುಕೊಂಡಿತ್ತು.

"ಇದರ ಮೇಲೆ ಕಾಫಿ ಲೋಟ ಇಟ್ಟಿದ್ಯಾ?"

"ಕೈ ಸುಡ್ತಿತ್ತು. ಇಟ್ಟು ತಕ್ಷಣ ಎತ್ಕೊಂಡ್ನಲ್ಲ," ಎಂದಳು ಹೆಂಡತಿ ಬಾಗಿಲಲ್ಲೇ ನಿಂತು.

ಬಿಸಿ ಲೋಟ ಮೇಣವನ್ನು ಅಂಟಿಸಿಕೊಂಡು ಹೋಗಿತ್ತು. ಮೇಣವಿಲ್ಲದ ಕಡೆಯೆಲ್ಲ ತಾಮ್ರವನ್ನು ತಿನ್ನುವುದೇ ಆಮ್ಲದ ಕೆಲಸ. ಅದು ಅವನು ಸೂಜಿಯಿಂದ ಮೇಣದಲ್ಲಿ ಗೀರಿದ ಕಂಬಗಳನ್ನೂ ತಿಂದಿತು, ಲೋಟದ ಗುರುತನ್ನೂ ಬಿಡಲಿಲ್ಲ. ಕಂಬಗಳನ್ನೇ ನೋಡುತ್ತಿದ್ದ ಮಹಾಶಯನಿಗೆ ಆಕಾಶ ಕಣ್ಣಿಗೇ ಬಿದ್ದಿರಲಿಲ್ಲ. ಅರವತ್ತು ದಾಟಿದ ಮೇಲೆ ಸಿಕ್ಕಿದ ಮೊದಲ ಪ್ರದರ್ಶನ. ಈ ತಗಡಿನಿಂದ ಅಚ್ಚಾಗಿ ಬರುವ ವಾರ ಗೋಡೆಗೇರಬೇಕಾದ ದೊಡ್ಡ ಚಿತ್ರ ಇದೇ. ತಿಂಗಳುಗಟ್ಟಲೆ ಕಣ್ಣು ಸವೆಸಿದ್ದ. ಅಳುವೇ ಬಂದಂತಾಯಿತು.

ಹೆಂಡತಿ ಮೆಲ್ಲಗೆ ಪಕ್ಕಕ್ಕೆ ಬಂದು ಕೂತಳು. ತಗಡನ್ನು ಅತ್ತಿತ್ತ ವಾಲಿಸಿ ನೋಡಿದಳು. ತಪ್ಪು ಮಾಡಿದವಳು ಸುಮ್ಮನಿರಬೇಕಿತ್ತು. ಅದು ಅವಳ ಜಾಯಮಾನವಲ್ಲ.

"ಇಷ್ಟು ದೊಡ್ಡ ಅರಮನೆ ಕಟ್ಟಿದ್ದೀರ. ಗಾಳಿಗೊಂದು ಕಿಟಕಿ ಇಲ್ಲ. ಬಟ್ಟೆ ಎಲ್ಲಿ ಒಣಗಿಸ್ತಾರೆ?"

"ಪಾಳು ಅರಮನೆ ಕಣೇ! ಅಲ್ಲಿ ಯಾರಿದ್ದಾರೆ ಬಟ್ಟೆ ಒಣಗಿಸೋಕೆ?"

"ಇಂಥ ಮನೇಲಿ ಯಾರಿರ್ತಾರೆ? ಅದಕ್ಕೇ ಪಾಳುಬಿದ್ದಿರೋದು."

ಬೈಯಲು ಬಾಯಿ ತೆರೆದವನಿಗೆ ನಗು ಬಂದುಬಿಟ್ಟಿತು. ಹೊಟ್ಟೆ ಹಿಡಿದುಕೊಂಡು ನಕ್ಕ. ನಗು ನಿಂತ ಮೇಲೆ ಕನ್ನಡಕ ಏರಿಸಿ, ಆ ದುಂಡು ಗೆರೆಯನ್ನೇ ದಿಟ್ಟಿಸುತ್ತ ಕೂತ. ಆಮೇಲೆ ತಗಡಿಗೆ ಹೊಸದಾಗಿ ಮೇಣ ಬಳಿದು, ಸೂಜಿ ಕೈಗೆತ್ತಿಕೊಂಡ.

ಮರುದಿನ ಸಂಜೆ ಅವನು ಮತ್ತೆ ಆಮ್ಲದಲ್ಲಿ ಅದ್ದಿ ತೆಗೆದ ತಗಡಿಗೆ ಮಸಿ ತುಂಬಿ, ಮುದ್ರಣಯಂತ್ರದ ಚಕ್ರ ತಿರುಗಿಸಿದ. ತಗಡಿನ ಮೇಲೆ ಅಚ್ಚಾದ ಒದ್ದೆ ಕಾಗದವನ್ನು ಎತ್ತುವ ಕೆಲಸ ಇಷ್ಟು ವರ್ಷಗಳಲ್ಲಿ ಮೊದಲ ಸಲ ಹೆಂಡತಿಯ ಪಾಲಿಗೆ ಬಂತು. ಉಸಿರು ಬಿಗಿಹಿಡಿದು ಎತ್ತಿದಳು. ಮುರಿದ ಕಂಬಗಳ ನಡುವಿನಿಂದ ಹೊಸ ಗೋಪುರವೊಂದು ಆಕಾಶಕ್ಕೆ ಎದ್ದಿತ್ತು. ಅದರ ತುದಿಯಲ್ಲಿ ದುಂಡು ಕಿಟಕಿ. ಕಿಟಕಿಗೆ ಕಟ್ಟಿದ ಹಗ್ಗದಲ್ಲಿ ಒಂದು ಅಂಗಿ ಗಾಳಿಗೆ ಉಬ್ಬಿತ್ತು.

"ಅಯ್ಯೋ, ಮೊಣಕೈ ಹರಿದಿದೆ! ನಿಮ್ಮದೇ ಇದು." ಅವಳ ಮುಖ ಅರಳಿತು. "ನಾನೆಲ್ಲಿ?"

"ಒಳಗಿದ್ದೀಯ. ಲೋಟ ಎಲ್ಲಿಡೋದು ಅಂತ ಹುಡುಕ್ತಾ."

ಪ್ರದರ್ಶನ ಮುಗಿದ ಮರುದಿನ ಬೆಳಿಗ್ಗೆ ಅವನು ಹೊಸ ತಗಡಿಗೆ ಮೇಣ ಬಳಿದು ಕೂತಿದ್ದ. ಅವಳು ಹೊಗೆಯಾಡುವ ಲೋಟ ಹಿಡಿದು ಬಂದು, ಮೇಜಿನ ತುಂಬ ಹರಡಿದ್ದ ಸಾಮಾನು ನೋಡಿ ನಿಂತಳು.

"ಬೇಗ ಹೇಳಿ, ಕೈ ಸುಡ್ತಿದೆ. ಎಲ್ಲಿಡ್ಲಿ?"

ಅವನು ತಗಡನ್ನು ಎರಡೂ ಕೈಯಲ್ಲಿ ಹಿಡಿದು, ಮೆಲ್ಲಗೆ ಅವಳ ಕಡೆಗೆ ಸರಿಸಿದ.