ಹಿತ್ತಲ ಕೋಣೆಯ ಶಾಸಕಿ

ಬೆಳಿಗ್ಗೆ ಏಳಕ್ಕೆಲ್ಲ ರಾಜಾಜಿನಗರದ ಆ ಮನೆಯ ಜಗಲಿ ಅರ್ಜಿ ಹಿಡಿದವರಿಂದ ತುಂಬಿಹೋಗುತ್ತಿತ್ತು. ನಲ್ಲಿ ನೀರು, ರೇಷನ್ ಕಾರ್ಡು, ವಿಧವಾ ವೇತನ, ಏನೇ ಇರಲಿ, ಶಾಸಕಿ ಜಲಜಾ ಸಮಾಧಾನದಿಂದ ಕೇಳುತ್ತಿದ್ದಳು. ಹೈಸ್ಕೂಲಿನ ಮೇಡಂ ಆಗಿದ್ದ ಅವಳು ಎಪ್ಪತ್ತೆರಡರ ಚುನಾವಣೆಯಲ್ಲಿ ಗೆದ್ದುಬಂದಾಗ ಅತ್ತೆ ಅಲಮೇಲಮ್ಮನೇ ಆರತಿ ಎತ್ತಿದ್ದರು.

ಆದರೆ ತಿಂಗಳಿಗೆ ಮೂರು ದಿನ ಆ ಜಗಲಿ ಖಾಲಿ. "ಮೇಡಂಗೆ ಮೈ ಸರಿಯಿಲ್ಲ" ಎಂದು ಗಂಡ ಪದ್ಮನಾಭ ಬಂದವರನ್ನೆಲ್ಲ ವಾಪಸ್ಸು ಕಳಿಸುತ್ತಿದ್ದ. ಶಾಸಕಿ ಆಗ ಹಿತ್ತಲಿನ ಸೌದೆ ಕೋಣೆಯಲ್ಲಿ ಚಾಪೆ, ಚೊಂಬು ಇಟ್ಟುಕೊಂಡು ಕೂತಿರುತ್ತಿದ್ದಳು. ಮುಟ್ಟಾದ ಹೆಂಗಸು ನಡುಮನೆ ತುಳಿಯುವಂತಿಲ್ಲ, ಹೊಸಿಲು ದಾಟುವಂತಿಲ್ಲ. ಒಮ್ಮೆ ಮೀರಿದ್ದಕ್ಕೆ ಅತ್ತೆ ಎರಡು ದಿನ ತೊಟ್ಟು ನೀರೂ ಕುಡಿಯದೆ ಮಲಗಿಬಿಟ್ಟಿದ್ದರು. ಅಂದಿನಿಂದ ಜಲಜಾ ಹಟ ಬಿಟ್ಟಿದ್ದಳು.

ಎಪ್ಪತ್ತನಾಲ್ಕರಲ್ಲಿ ಹೆಗ್ಗನಹಳ್ಳಿಯಿಂದ ಗಾರೆ ಕೆಲಸದ ಇಂದ್ರಮ್ಮ ತಾಯಿ ನರಸಮ್ಮನ ಜೊತೆ ಬಂದಳು. ಐದು ತಿಂಗಳ ಬಸುರಿ. "ಮೊದಲ ಕೂಸು ಆಸ್ಪತ್ರೆ ದಾರೀಲಿ ಗಾಡೀಲೇ ಹೋಯ್ತು ಕಣವ್ವ. ನಮ್ಮ ಕಡೀಕೆ ಒಬ್ರು ನರ್ಸ್‌ನ, ಒಂದು ವ್ಯಾನ್ ಕೊಡ್ಸಿ" ಎಂದಳು.

ಜಲಜಾ ಆರೋಗ್ಯ ಮಂತ್ರಿಗಳನ್ನು ಕಂಡಳು. "ಇರೋದು ಒಂದೇ ವ್ಯಾನು, ಕೇಳೋರು ಹತ್ತು ಜನ. ಬುಧವಾರ ಸದನದಲ್ಲಿ ನೀವು ಪ್ರಶ್ನೆ ಎತ್ತಿ, ಅಲ್ಲೇ ಘೋಷಿಸ್ತೀನಿ" ಎಂದರು ಅವರು.

ಬುಧವಾರ ನಸುಕಿನಲ್ಲೇ, ಲೆಕ್ಕಕ್ಕಿಂತ ನಾಲ್ಕು ದಿನ ಮುಂಚೆ, ಅವಳು ಹೊರಗಾದಳು. ಅಂದೇ ಮಾವನವರ ಶ್ರಾದ್ಧ ಬೇರೆ.

"ಅತ್ತೆ, ಇವತ್ತೊಂದು ದಿನ. ಹಿತ್ತಲಿಂದಲೇ ಹೋಗ್ಬಿಡ್ತೀನಿ."

"ನೀನಿಲ್ದಿದ್ರೆ ಸರ್ಕಾರ ನಿಂತುಹೋಗತ್ತೇನೇ?"

"ಬಡವರ ಜೀವದ ಪ್ರಶ್ನೆ ಅತ್ತೆ."

"ಹೋಗು. ನೀನು ಬರೋಷ್ಟರಲ್ಲಿ ನನಗೂ ಒಂದು ಶ್ರಾದ್ಧ ಮಾಡ್ಬೇಕಾಗತ್ತೆ."

ಪದ್ಮನಾಭ ತಾಯಿಯ ಮುಖ ನೋಡಿದ, ಹೆಂಡತಿಯ ಮುಖ ನೋಡಿದ, ಮಡಿ ಉಟ್ಟುಕೊಳ್ಳಲು ಒಳಗೆ ಹೋದ. ಜಲಜಾ ಚಾಪೆಯ ಮೇಲೆ ಕೂತಳು. ಹತ್ತೂವರೆಗೆ ನಡುಮನೆಯಲ್ಲಿ ಫೋನು ಬಡಿದುಕೊಂಡಿತು. "ಜ್ವರ ಸಾರ್, ಏಳೋಕೇ ಆಗ್ತಿಲ್ಲ" ಎಂಬ ಗಂಡನ ದನಿ ಹಿತ್ತಲವರೆಗೂ ಕೇಳಿಸಿತು. ವ್ಯಾನು ಬೇರೆ ತಾಲ್ಲೂಕಿಗೆ ಹೋಯಿತು.

ನಾಲ್ಕು ತಿಂಗಳ ಮೇಲೆ ಮಾಗಡಿ ರಸ್ತೆಯಲ್ಲಿ, ಎತ್ತಿನ ಗಾಡಿಯೊಳಗೇ ಇಂದ್ರಮ್ಮ ತೀರಿಕೊಂಡಳು. ಮಗುವೂ ಉಳಿಯಲಿಲ್ಲ. ಜಲಜಾ ಹೋದಾಗ ನರಸಮ್ಮ ಕಣ್ಣೊರೆಸಿಕೊಂಡು ಅವಳಿಗೇ ಚಾಪೆ ಹಾಸಿದಳು.

"ಅವತ್ತು ನಿಮಗೆ ಜ್ವರ ಅಂದ್ರು. ಈಗ ಹೆಂಗಿದೀರವ್ವ?"

"ಜ್ವರ ಇರ್ಲಿಲ್ಲ ನರಸಮ್ಮ. ಮುಟ್ಟಾಗಿದ್ದೆ. ಮನೇಲಿ ಹೊರಗೆ ಕೂರಿಸಿದ್ರು. ಕೂತುಬಿಟ್ಟೆ."

ನರಸಮ್ಮ ಮೆಲ್ಲಗೆ ಹೇಳಿದಳು: "ನಮ್ ಇಂದ್ರಿ ಆ ದಿನಗಳಲ್ಲೂ ಮಣ್ಣು ಹೊರ್ತಿದ್ಲು. ಕೂತ್ಕೊ ಅಂತ ಅವಳಿಗೆ ಯಾರೂ ಹೇಳ್ಲಿಲ್ಲ."

ಮುಂದಿನ ಅಧಿವೇಶನದಲ್ಲೂ ಅದೇ ದಿನಗಳು ಬಂದವು. ಜಲಜಾ ಸ್ನಾನ ಮಾಡಿ, ಸೀರೆ ಉಟ್ಟು, ನೇರ ನಡುಮನೆಗೆ ಬಂದಳು. ಪದ್ಮನಾಭ ಫೋನಿನಲ್ಲಿ "ಜ್ವರ..." ಎಂದು ಶುರುಮಾಡಿದ್ದ. ಅವಳು ರಿಸೀವರ್ ಕಿತ್ತುಕೊಂಡು, "ಬರ್ತಿದೀನಿ ಸಾರ್" ಎಂದಳು.

"ಮನೆ ಹಾಳಾಯ್ತು!" ಎಂದು ಅಲಮೇಲಮ್ಮ ಕಿರುಚಿಕೊಂಡರು. "ನಾನಿನ್ನು ಅನ್ನ ಮುಟ್ಟಲ್ಲ!"

"ಊಟ ಮಾಡಿ ಅತ್ತೆ. ನೀವು ಉಪವಾಸ ಇದ್ರೆ ನನಗೆ ಸಂಕಟ ಆಗತ್ತೆ. ಆದ್ರೆ ಇನ್ನು ನಾನು ನಿಲ್ಲೋದಿಲ್ಲ" ಎಂದು ಅವಳು ಹೊಸಿಲು ದಾಟಿದಳು.

ಸದನದಲ್ಲಿ ಅವಳು ಎತ್ತಿದ ವ್ಯಾನಿನ ಪ್ರಶ್ನೆಗೆ ಮಂತ್ರಿಗಳ ಉತ್ತರ ಒಂದೇ ಮಾತು: "ಪರಿಶೀಲನೆಯಲ್ಲಿದೆ."

ಜಲಜಾ ಮತ್ತೆ ಎದ್ದಳು. "ಆ ಪರಿಶೀಲನೆಯಲ್ಲೇ ಒಬ್ಬ ತಾಯಿ ಸತ್ತಿದ್ದಾಳೆ. ಅದರಲ್ಲಿ ನನ್ನ ಪಾಪವೂ ಇದೆ. ಹೋದ ಸಲ ನನಗೆ ಜ್ವರ ಇರಲಿಲ್ಲ, ಮುಟ್ಟಾಗಿದ್ದೆ. ಇವತ್ತೂ ಆಗಿದ್ದೇನೆ."

ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು. ಸಭಾಧ್ಯಕ್ಷರು ಮುಜುಗರದಿಂದ ಕಾಗದ ಸರಿಸುತ್ತ, "ಮಾನ್ಯ ಸದಸ್ಯರು ಕುಳಿತುಕೊಳ್ಳಬೇಕು" ಎಂದರು.

ಜಲಜಾ ಕೂರಲಿಲ್ಲ.