ಅಡವಿಡದ ಕರು

"ಕದ್ದೆ ಅಂತ ಹೇಳು. ಆಮೇಲೆ ರಾಜಿ," ಎಂದರು ಹರಿಹರ ಭಟ್ಟರು.

ಹೊನ್ನಾವರದ ಕೋರ್ಟಿನ ಜಗಲಿಯಲ್ಲಿ ಹಮ್ಮ ಕೈಕಟ್ಟಿ ನಿಂತಿದ್ದ. ಒಳಗಿನಿಂದ ಹೆಸರು ಕೂಗುವುದರೊಳಗೆ ಭಟ್ಟರು ರಾಜಿ ಅರ್ಜಿಗೆ ಸಹಿ ಹಾಕದಿದ್ದರೆ ಸಾಕ್ಷಿ ಶುರುವಾಗುತ್ತಿತ್ತು. ಶಿಕ್ಷೆಯಾದರೆ ನಾಟಿಯ ಹೊತ್ತಿಗೆ ಅವನು ಜೈಲಿನಲ್ಲಿ, ಅವನ ಗೇಣಿಗದ್ದೆ ಬೇರೆಯವರ ಕೈಯಲ್ಲಿ.

"ನಾ ಕದ್ದದ್ದಲ್ಲ ಒಡ್ಯಾ. ಅಡ ಇಟ್ಟದ್ದು ಎಮ್ಮೆ. ಕರ ಇಟ್ಟಿರ್ಲಿಲ್ಲ."

"ಹಂಗಾರೆ ಅದನ್ನೇ ಒಳಗೆ ಹೇಳು. ನಾ ಮನಿಗೆ ಹೋಗ್ತೆ."

ಹಿಂದಿನ ಮಳೆಗಾಲ ಹೊಳೆಯಂಚಿನ ಗಜನಿಯ ಒಡ್ಡು ಒಡೆದು ಗದ್ದೆಗೆ ಉಪ್ಪುನೀರು ನುಗ್ಗಿದಾಗ ಹಮ್ಮ ಸಾಲ ಕೇಳಿದ್ದ. ಭಟ್ಟರು ಅವನ ಗಬ್ಬದ ಎಮ್ಮೆಯನ್ನು ತಮ್ಮ ಕೊಟ್ಟಿಗೆಗೆ ಹೊಡೆಸಿಕೊಂಡು ದುಡ್ಡು ಕೊಟ್ಟಿದ್ದರು. ಅಲ್ಲೇ ಅದು ಈದು ಗಂಡುಕರು ಹಾಕಿತು. ಎಮ್ಮೆ ಹಾಲಿಳಿಸಿ ಸೊರೆ ಬಿಡುವಷ್ಟು ಹೊತ್ತು ಮಾತ್ರ ಕರುವನ್ನು ಕೆಚ್ಚಲಿಗೆ ಬಿಟ್ಟು, ಆಮೇಲೆ ಎಳೆದು ಕಟ್ಟುತ್ತಾರೆ, ಎಲುಬು ಎದ್ದಿದೆ ಎಂದು ಯಾರೋ ಹೇಳಿದ್ದನ್ನು ಕೇಳಿ ಹಮ್ಮನಿಗೆ ತಡೆಯಲಾಗಲಿಲ್ಲ. ಹುಲ್ಲು ಕಚ್ಚುವಷ್ಟಾಗಿದ್ದ ಕರುವನ್ನು ಒಂದು ಸಂಜೆ ಹೋಗಿ ಹೆಗಲಮೇಲೆ ಹೊತ್ತು ತಂದ. ಬದುಕಿದರೆ ಹೂಟಿಗಾಗುತ್ತದೆ. ಯಾರನ್ನಾದರೂ ಕೇಳಬೇಕೆಂದು ಅವನಿಗೆ ಹೊಳೆಯಲೇ ಇಲ್ಲ.

ಕರು ಕಾಣದೆ ಎಮ್ಮೆ ಸೊರೆ ಬಿಡುವುದನ್ನು ನಿಲ್ಲಿಸಿತು. ಭಟ್ಟರು ಕಳವಿನ ಫಿರ್ಯಾದು ಕೊಟ್ಟರು. ಪೊಲೀಸರು ಮುಂಬಯಿ ಸರಕಾರ ಹೋದಮೇಲೂ ಉಳಿದುಕೊಂಡ ಮಾತಿನಲ್ಲಿ ಕರುವನ್ನು 'ಮುದ್ದೇಮಾಲು', ಅಂದರೆ ಕೇಸಿನ ಜಪ್ತಿ ಮಾಲು, ಎಂದು ಬರೆದುಕೊಂಡು, ಕೇಸು ಮುಗಿಯುವ ತನಕ ಇರಲೆಂದು ಊರಿನ ಕೊಂಡವಾಡೆಯಲ್ಲಿ, ಬೀಡಾಡಿ ದನಗಳ ನಡುವೆ ಕೂಡಿದರು. ಜಾಮೀನಿನ ಮೇಲೆ ಬಿಡಿಸಿಕೊಂಡರೆ ಪ್ರತಿ ವಾಯಿದೆಗೂ ಅದನ್ನು ದೋಣಿ ಹತ್ತಿಸಿ ಕೋರ್ಟಿಗೆ ತರಬೇಕೆಂದು ವಕೀಲರು ಹೇಳಿದ್ದರಿಂದ ಭಟ್ಟರು ಬಿಡಿಸಲಿಲ್ಲ. ಹಮ್ಮನ ಹೆಂಡತಿ ಸಣ್ಣಿ ಗಂಜಿಯ ತೆಳಿ ಹೊತ್ತುಕೊಂಡು ಹೋದರೆ, ಅಲ್ಲಿ ಕಾಯುವ ನಾರಾಯಣ ಆರೋಪಿಯ ಕಡೆಯವರು ಮುಟ್ಟಕೂಡದೆಂದು ಅಟ್ಟಿದ.

ಮನೆಯಲ್ಲಿ ಮಜ್ಜಿಗೆಗೂ ತತ್ವಾರವಾದ ಮೇಲೆ ಭಟ್ಟರಿಗೂ ರಾಜಿ ಬೇಕಾಯಿತು. ಎಮ್ಮೆ, ಕರು ಎರಡೂ ಅವರಿಗೆ. ಸಾಲ ಇದ್ದ ಹಾಗೇ ಇರತಕ್ಕದ್ದು. ಅದಕ್ಕೆಲ್ಲ ಹಮ್ಮ ಹೂಂ ಅಂದಿದ್ದ. ಈ ಮಾತೊಂದು ಉಳಿದಿತ್ತು.

"ಕದ್ದೆ," ಎಂದ ಹಮ್ಮ.

"ಅಲ್ಲಿ ಕೂತವರಿಗೆ ಕೇಳ್ಲಿಲ್ಲ."

"ನಾ ಕರ ಕದ್ದೆ."

ವೀಳ್ಯ ಜಗಿಯುತ್ತಿದ್ದ ಒಬ್ಬ ಕಕ್ಷಿದಾರ ನಕ್ಕ. ಭಟ್ಟರು ಸಹಿ ಹಾಕಿದರು. ಒಳಗೆ ಮ್ಯಾಜಿಸ್ಟ್ರೇಟರು ಇಬ್ಬರನ್ನೂ ಒಂದೊಂದು ಮಾತು ಕೇಳಿ ಅರ್ಜಿಯನ್ನು ಬದಿಗೆ ಸರಿಸಿದರು. ಹಮ್ಮ ಇನ್ನೂ ಕಟಕಟೆಯಲ್ಲೇ ನಿಂತಿದ್ದನ್ನು ಕಂಡು ಗುಮಾಸ್ತ ಹೇಳಬೇಕಾಯಿತು: "ಆತು. ಹೋಗು."

ಕರುವನ್ನು ಬಿಡಿಸಿಕೊಳ್ಳಲು ಇಬ್ಬರೂ ಕೊಂಡವಾಡೆಗೆ ಹೋದಾಗ, ಭಟ್ಟರನ್ನು ಕಂಡು ನಾರಾಯಣ ಎದ್ದು ನಿಂತ. "ಅದು ಮೊನ್ನೆನೇ ಸತ್ತೋಯ್ತು ಭಟ್ರೇ. ಮುದ್ದೇಮಾಲು ಎಂತಾಯ್ತು ಅಂತ ನನ್ನ ಕೇಳಿದ್ರೆ? ಸುಲಿಸಿ ಉಪ್ಪು ಹಾಕಿಟ್ಟಿದ್ದೆ," ಎಂದು ಗೋಣಿ ಸರಿಸಿದ.

ಹಮ್ಮ ಅಲ್ಲೇ ಕುಕ್ಕರಿಸಿದ. ಭಟ್ಟರು ಕೋಲಿನ ತುದಿಯಿಂದ ಚರ್ಮವನ್ನು ಬಿಡಿಸಿ, ಎರಡೂ ಮಗ್ಗುಲು ನೋಡಿದರು.

"ಹರೀಲಿಲ್ಲ. ಹೊತ್ಕ. ಹುಲ್ಲು ತುಂಬಿ ಎದುರು ನಿಲ್ಸಿರೆ ಎಮ್ಮೆಗೆ ಎಂತ ಗೊತ್ತಾಗ್ತದೆ?"

ಭಟ್ಟರ ಅಂಗಳದಲ್ಲಿ ಕೂತು ಹಮ್ಮ ಹುಲ್ಲು ತುಂಬಿದ. ಕಾಲುಗಳಿಗೆ ಬಿದಿರಿನ ಸಿಗುಳು ಕೊಟ್ಟ. ಹೊಟ್ಟೆಯನ್ನು ಬಾಳೆನಾರಿನಿಂದ ಹೊಲಿದ. ತಲೆ ನಿಲ್ಲಲಿಲ್ಲ, ಕೈಯಲ್ಲೇ ಹಿಡಿಯಬೇಕಾಯಿತು. ಎದುರು ತಂದು ನಿಲ್ಲಿಸಿದಾಗ ಎಮ್ಮೆ ಮೊದಲು ಹಿಂದೆ ಸರಿಯಿತು. ಮತ್ತೆ ಮೂಸಿತು. ಮೂಸಿ, ಸಣ್ಣಗೆ ಒರಲಿ, ನೆಕ್ಕತೊಡಗಿತು. ಭಟ್ಟರ ಹೆಂಡತಿ ವನಮಾಲಾ ಚೊಂಬನ್ನು ಮೊಣಕಾಲಿನ ನಡುವೆ ಇಟ್ಟುಕೊಂಡು ಕೂತಳು.

"ಹಾಲು ಇಳಿತಾ ಇದ್ದು," ಎಂದು ಗಂಡನ ಕಡೆ ನೋಡಿದಳು. ಆಮೇಲೆ, "ಸ್ವಲ್ಪ ಅಲ್ಲಾಡ್ಸು ಹಮ್ಮಾ. ಜೀವ ಇದ್ದಾಂಗೆ."

ಹಮ್ಮ ಅಲ್ಲಾಡಿಸಿದ. ಎಮ್ಮೆಯ ನಾಲಿಗೆ ಕರುವಿನ ಕಿವಿ ದಾಟಿ, ಅದರ ಕುತ್ತಿಗೆ ಹಿಡಿದಿದ್ದ ಅವನ ಬೆರಳುಗಳಿಗೂ ಬಂತು. ಒಂದೊಂದನ್ನೂ ನೆಕ್ಕಿತು. ಚೊಂಬು ಇನ್ನೂ ಅರ್ಧವಾಗಿರಲಿಲ್ಲ. ಅವನು ಕೈ ತೆಗೆಯಲಿಲ್ಲ.