ಎಣಿಕೆಗೆ ಸಿಗದ ಕೊಕ್ಕರೆಗಳು

ಗಾದೆಮ್ಮನಿಗೆ ಎಣಿಸುವವರನ್ನು ಕಂಡರೆ ಆಗುತ್ತಿರಲಿಲ್ಲ. ತೆಗ್ಗಿನಕೆರೆ ಊರಿನಲ್ಲಿ ಎಲ್ಲರಿಗಿಂತ ದೊಡ್ಡ ಕುರಿಹಿಂಡು ಅವಳದು. ಎಷ್ಟು ಕುರಿ ಎಂದು ಯಾರಾದರೂ ಕೇಳಿದರೆ ‘ಒಂದು ದೊಡ್ಡಿ ಅದಾವು’ ಎಂದು ಮುಖ ತಿರುಗಿಸುವಳು. ದೇವರೇ ಎದುರು ನಿಂತು ಕೇಳಿದರೂ ಅದಕ್ಕಿಂತ ಹೆಚ್ಚಿನ ಲೆಕ್ಕ ಆ ಬಾಯಿಂದ ಹೊರಡುವುದಿಲ್ಲ. ಜೀವ ಇರುವುದನ್ನು ಎಣಿಸಿದರೆ ಅದು ಕರಗುತ್ತದೆ ಎಂಬುದು ಅಲ್ಲಿಯ ಕುರಿಯವರ ನಂಬಿಕೆ. ದನಕರುಗಳ ಗಣತಿಗೆ ಸರ್ಕಾರದವರು ಬಂದಾಗ ಅರ್ಧ ಹಿಂಡನ್ನು ಗುಡ್ಡದ ಹಿಂದಕ್ಕೆ ಅಟ್ಟಿ, ಉಳಿದದ್ದನ್ನು ಮುಂದೆ ನಿಲ್ಲಿಸಿ, ಬಂದವರಿಗೆ ಮಜ್ಜಿಗೆ ಕೊಟ್ಟು ಕಳಿಸುವುದು ಊರಿನ ಪದ್ಧತಿ. ಅವರು ಹೋದ ದಾರಿಯತ್ತ ಗಾದೆಮ್ಮ ಎಲೆಅಡಿಕೆ ಉಗಿಯುವಳು. ಓದಿದವರಿಗೆ ಟೋಪಿ ಹಾಕುವಷ್ಟು ಸುಲಭದ ಕೆಲಸ ಇನ್ನೊಂದಿಲ್ಲ ಎನ್ನುವಳು.

ತೊಂಬತ್ತೇಳರ ದೀಪಾವಳಿಯ ಹೊತ್ತಿಗೆ ಅವಳ ನಂಬಿಕೆಗೆ ಇನ್ನೊಂದು ಸಾಕ್ಷಿ ಸಿಕ್ಕಿತು. ಯಾರೋ ನಾಲ್ವರು ಸೊಂಟದ ನೀರಿಗಿಳಿದು, ಕೆರೆಯೊಳಗೆ ನಿಂತ ಕರಿಜಾಲಿ ಗಿಡಗಳಿಗೆಲ್ಲ ಡಾಂಬರಿನಲ್ಲಿ ನಂಬರು ಬರೆದು ಹೋದರು. ಗುಡ್ಡದಾಚೆಯ ಬೋರನಹಟ್ಟಿ ಕೆರೆಯ ಗಿಡಗಳಿಗೂ ಹಾಗೇ ಬರೆದರಂತೆ. ತಿಂಗಳೊಳಗೆ ಸುದ್ದಿ ಬಂತು, ಗಿಡಗಳು ಹರಾಜಿಗೆ ಹೋಗುತ್ತವೆ ಎಂದು. ನೋಡಿದಿರಾ, ಎಣಿಸಿದರು, ಈಗ ಒಯ್ಯುತ್ತಾರೆ ಎಂದು ಗಾದೆಮ್ಮ ಊರಿಗೆಲ್ಲ ಹೇಳಿಕೊಂಡು ತಿರುಗಿದಳು.

ಆ ಗಿಡಗಳು ಹೋದರೆ ಹೋಗುವುದು ಬರೀ ಕಟ್ಟಿಗೆಯಲ್ಲ. ಪ್ರತಿ ವರ್ಷ ಸಂಕ್ರಾಂತಿಯ ಹೊತ್ತಿಗೆ ಬಣ್ಣದ ಕೊಕ್ಕರೆಗಳು ಬಂದು ಅವುಗಳ ಮೇಲೆ ಗೂಡು ಕಟ್ಟಿ ಮರಿ ಮಾಡುತ್ತಿದ್ದವು. ಹಕ್ಕಿ ಹಿಕ್ಕೆ ಬಿದ್ದ ಆ ನೀರು ಹಾಯ್ದ ಗದ್ದೆಗೆ ಗೊಬ್ಬರದ ಚೀಲ ಬೇಕಿರಲಿಲ್ಲ. ಗಾದೆಮ್ಮನಿಗೆ ಅದಕ್ಕಿಂತ ಹೆಚ್ಚಿನದೇ ಒಂದು ನಂಟು. ಅವಳಿಗೆ ಹೆಣ್ಣುಮಕ್ಕಳಿಲ್ಲ. ತವರಿಗೆ ಹೆರಿಗೆಗೆ ಬಂದವರು ಎಂದು ಅವಳು ಆ ಹಕ್ಕಿಗಳನ್ನೇ ಕರೆಯುತ್ತಿದ್ದಳು. ಮರಿಗಳು ರೆಕ್ಕೆ ಬಲಿತು ಹೋಗುವತನಕ ಅವಳ ಕುರಿಗಳು ಕೆರೆಯ ಆ ಮಗ್ಗುಲಿಗೆ ನೀರಿಗಿಳಿಯುವಂತಿರಲಿಲ್ಲ. ಗಿಡಗಳೇನೋ ಡಾಂಬರು ಬಳಿಸಿಕೊಂಡವು, ಹಕ್ಕಿಗಳನ್ನು ಮಾತ್ರ ಯಾರೂ ಮುಟ್ಟಕೂಡದು ಎಂದು ಅವಳು ಹಟ ಹಿಡಿದಿದ್ದಳು.

ಹೀಗಿರುವಾಗ ತೊಂಬತ್ತೆಂಟರ ಸಂಕ್ರಾಂತಿ ಮುಗಿದ ವಾರದಲ್ಲಿ ಕೊಟ್ಟೂರಿನಿಂದ ಭರತ್ ಬಂದ. ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಹೇಳುವ ಮೇಷ್ಟ್ರು, ಮೈತುಂಬ ಜೇಬುಗಳಿರುವ ಅಂಗಿ. ಹಿಂದೆ ಫಾರೆಸ್ಟ್ ಗಾರ್ಡ್ ಎರ್ರೆಪ್ಪ, ಮೂರು ಕಾಲಿನ ದುರ್ಬೀನನ್ನು ಎದೆಗೊತ್ತಿಕೊಂಡು ಬಾಣಂತಿಯ ಹಾಗೆ ನಡೆದುಬಂದ. ಅವನನ್ನು ನೋಡಿಯೇ ಗಾದೆಮ್ಮನಿಗೆ ನಗು ಬಂತು.

ಬರುವ ಭಾನುವಾರ ಬೆಳಗ್ಗೆ ಕೆರೆಯ ಹಕ್ಕಿಗಳನ್ನು ಎಣಿಸುತ್ತೇವೆ ಎಂದು ಭರತ್ ಕಟ್ಟೆಯ ಮೇಲೆ ಕೂತವರಿಗೆಲ್ಲ ತಿಳಿಸಿದ. ಅವತ್ತು ಕೆರೆಯ ಏರಿಯ ಮೇಲೆ ಯಾರೂ ಓಡಾಡಬಾರದು, ಕುರಿ ಇಳಿಸಬಾರದು, ಗದ್ದಲ ಕೂಡದು. ಹಾರುವ ಹಿಂಡನ್ನು ಒಂದೊಂದಾಗಿ ಎಣಿಸಲು ಆಗುವುದಿಲ್ಲ, ಮೊದಲು ಹತ್ತು ಹಕ್ಕಿ ಎಣಿಸಿ ಆ ಹತ್ತು ಎಷ್ಟು ಜಾಗ ಹಿಡಿಯುತ್ತದೆಂದು ಕಣ್ಣಿಗೆ ರೂಢಿ ಮಾಡಿಕೊಂಡು, ಅದೇ ಅಳತೆಯಲ್ಲಿ ಉಳಿದ ಹಿಂಡನ್ನು ಅಳೆಯುತ್ತೇವೆ ಎಂದ. ಒಂದು ಕೆರೆಯಲ್ಲಿ ಎಣಿಸಿದ ಹಕ್ಕಿ ಇನ್ನೊಂದು ಕೆರೆಗೆ ಹಾರಿ ಎರಡು ಸಲ ಲೆಕ್ಕಕ್ಕೆ ಬರಬಾರದಲ್ಲ, ಅದಕ್ಕೆ ತಾಲೂಕಿನ ಕೆರೆಗಳನ್ನೆಲ್ಲ ಒಂದೇ ಹೊತ್ತಿಗೆ ಎಣಿಸುವುದು ಎಂದೂ ಹೇಳಿದ. ಒಂದು ಬುಟ್ಟಿ ಜೋಳ ನೋಡಿ ಕಣದ ರಾಶಿಯನ್ನೇ ಅಳೆಯುವ ಮಹಾಶಯ ಇವನು ಎಂದು ಗಾದೆಮ್ಮ ಜೋರಾಗಿಯೇ ಅಂದಳು. ಕಟ್ಟೆಯೆಲ್ಲ ನಕ್ಕಿತು.

ಭರತ್ ಬೇಸರಪಡಲಿಲ್ಲ. ಅವಳತ್ತಲೇ ತಿರುಗಿದ.

“ಹಂಗಲ್ಲ ಕೇಳ್ರಮ್ಮಾ, ಈ ಎಣಿಕಿ ಯಾಕಂದ್ರ, ನಿಮ್ಮ ಕೆರಿಯಾಗಿನ ಗಿಡ...”

“ಸಾಕ್ ಬಿಡಪ್ಪಾ ತಮ್ಮಾ,” ಎಂದಳು ಗಾದೆಮ್ಮ. “ಗಿಡ ಎಣಿಸಿದ್ರಿ, ಹರಾಜಿಗಿಟ್ರಿ. ಈಗ ಹಕ್ಕಿ ಎಣಿಸ್ತೀರಿ. ಎದಕ್ಕಂತ ನಮಗ ಕಲಿಸಾಕ ಬರಬ್ಯಾಡ.”

ಅವನು ಮತ್ತೆರಡು ಸಲ ಬಾಯಿ ತೆರೆದ. ಎರಡು ಸಲವೂ ಅವಳ ನಾಲಿಗೆ ಮುಂದಿತ್ತು. ಕಡೆಗೆ ಎರ್ರೆಪ್ಪ, ಬಸ್ಸು ತಪ್ಪುತ್ತದೆ ಎಂದು ಅವನನ್ನು ಎಬ್ಬಿಸಿಕೊಂಡು ಹೋದ. ಆ ಹುಡುಗ ಏನೋ ಹೇಳಬೇಕೆಂದಿದ್ದ, ಕೇಳಬಹುದಿತ್ತು ಎಂದು ಗಂಡ ಓಬಳೇಶಪ್ಪ ಉಣ್ಣುವಾಗ ಮೆಲ್ಲಗೆ ಅಂದ. ಯಾರು ಏನು ಹೇಳಿದರೂ ಬಾಯಿ ಬಿಟ್ಟುಕೊಂಡು ಕೇಳುವುದೇ ನಿಮ್ಮ ಹಣೆಬರಹ ಎಂದು ಅವಳು ಇನ್ನೊಂದು ರೊಟ್ಟಿ ತಟ್ಟೆಗೆ ಎಸೆದಳು.

ಆ ಮೇಲೆ ನಡೆದದ್ದು ಊರಿನ ಹಳೆಯ ಪದ್ಧತಿಯೇ. ಎಣಿಸುವವರು ಬಂದರೆ ಹಿಂಡನ್ನು ಗುಡ್ಡದ ಹಿಂದಕ್ಕೆ ಅಟ್ಟಬೇಕು. ಈ ಸಲ ಹಿಂಡಿಗೆ ರೆಕ್ಕೆ ಇತ್ತು, ಅಷ್ಟೇ. ಶನಿವಾರ ಹೊತ್ತು ಮುಳುಗುವ ಮೊದಲು ಗಾದೆಮ್ಮ ಹೆಂಗಸರ ಕೈಗೆ ಖಾಲಿ ಎಣ್ಣೆ ಡಬ್ಬಿ ಕೊಟ್ಟು ಏರಿಯುದ್ದಕ್ಕೂ ನಿಲ್ಲಿಸಿದಳು. ಗಂಡಸರು ಕವಣೆ ತಂದಿದ್ದರು. ಕಲ್ಲು ನೀರಿಗೇ ಬೀಳಬೇಕು, ಒಂದು ಪುಕ್ಕಕ್ಕೆ ತಾಗಿದರೂ ಎಸೆದವನ ಕೈ ಮುರಿಯುತ್ತೇನೆ ಎಂದು ಮೊದಲೇ ಹೇಳಿದ್ದಳು. ಡಬ್ಬಿಗಳು ಒಮ್ಮೆಲೇ ಬಡಿದುಕೊಂಡವು. ಆಗಿನ್ನೂ ಗೂಡಿಗೆ ಕಡ್ಡಿ ಕೂಡಿಸುತ್ತಿದ್ದ ಕೊಕ್ಕರೆಗಳು ಕಡ್ಡಿಗಳನ್ನು ಉದುರಿಸಿ ಮೇಲೆದ್ದವು, ಕೆರೆಯನ್ನು ಸುತ್ತಿದವು, ಕೂರಲು ನೋಡಿದವು. ಇವರು ಕೂರಗೊಡಲಿಲ್ಲ. ಕಡೆಗೆ ಹಿಂಡು ಉದ್ದಕ್ಕೆ ಚಾಚಿಕೊಂಡು ಗುಡ್ಡ ದಾಟಿತು. ಗಾದೆಮ್ಮನ ಕಣ್ಣಲ್ಲಿ ನೀರಾಡಿತು.

“ಹೋಗ್ರವ್ವಾ, ನಾಕ್ ದಿನ ಬಿಟ್ಟು ಬರ್ರಿ,” ಎಂದಳು.

ಭಾನುವಾರ ಬೆಳಕು ಹರಿಯುವಾಗ ಭರತ್ ಏರಿಯ ಮೇಲೆ ಕೂತು ದುರ್ಬೀನಿನಲ್ಲಿ ನೋಡಿದ. ಬರಿಗಣ್ಣಿನಲ್ಲಿ ನೋಡಿದ. ಕೆರೆಯ ಇನ್ನೊಂದು ತುದಿಗೆ ನಡೆದು ಅಲ್ಲಿಂದಲೂ ನೋಡಿದ. ನೀರುಕಾಗೆಗಳು ಅಲ್ಲೊಂದು ಇಲ್ಲೊಂದು ಕೂತಿದ್ದವು. ಕೊಕ್ಕರೆ ಒಂದೂ ಇರಲಿಲ್ಲ. ಮೊನ್ನೆ ಇದ್ದವಲ್ಲ ಎಂದು ಅವನು ಊರವರನ್ನು ಕೇಳಿದ. ಊರಿಗೆ ಊರೇ, ಕೊಕ್ಕರೆ ಎಂಬ ಹೆಸರನ್ನೇ ಕೇಳದವರ ಹಾಗೆ ಮುಖ ಮಾಡಿತು. ಗಾದೆಮ್ಮ ತಂಬಿಗೆ ತುಂಬ ಮಜ್ಜಿಗೆ ತಂದುಕೊಟ್ಟಳು. ಅವನು ಕುಡಿಯದೆ ಎದ್ದು ಹೋದಾಗ, ಗೆದ್ದ ಖುಷಿಗೆ ತಾನೇ ಕುಡಿದಳು.

ನಾಲ್ಕು ದಿನ ಕಳೆಯಿತು, ಹದಿನೈದು ದಿನ ಕಳೆಯಿತು, ಕೊಕ್ಕರೆಗಳು ಬರಲಿಲ್ಲ. ಶಿವರಾತ್ರಿ ಮುಗಿದ ಮೇಲೆ ಗರಗಸ ಹಿಡಿದವರು ಬಂದರು. ಹಕ್ಕಿ ಗೂಡು ಕಟ್ಟುವ ಗಿಡ ಕಡಿಯುತ್ತೀರಾ ಎಂದು ಗಾದೆಮ್ಮ ಅಡ್ಡ ನಿಂತಳು. ಈ ಕೆರೆಯಲ್ಲಿ ಕೊಕ್ಕರೆಯೇ ಇಲ್ಲವೆಂದು ವರದಿಯಾಗಿದೆ, ಅದಕ್ಕೇ ಹರಾಜು ನಿಂತಿಲ್ಲ ಎಂದ ಗುತ್ತಿಗೆದಾರನ ಮೇಸ್ತ್ರಿ. ಅವಳು ಸೀರೆ ಸೆರಗು ಸಿಕ್ಕಿಸಿಕೊಂಡು ಬಸ್ಸು ಹತ್ತಿ ಕೊಟ್ಟೂರಿಗೆ ಹೋದಳು. ಕಾಲೇಜಿನ ಬಾಗಿಲಲ್ಲಿ ಭರತನನ್ನು ತಡೆದು, ಕಡೆಗೂ ಗಿಡ ನುಂಗಿದಿರಲ್ಲ ಎಂದು ಹತ್ತು ಜನರ ಮುಂದೆ ಬೈದಳು.

ಅವನು ಪೂರ್ತಿ ಕೇಳಿದ. ಆಮೇಲೆ ಅವಳನ್ನು ಬೇವಿನ ಗಿಡದ ನೆರಳಿಗೆ ಕರೆದು ಹೇಳಿದ. ಕೊಕ್ಕರೆ ಗೂಡು ಕಟ್ಟುವ ಕೆರೆ ಎಂದು ಆ ಬೆಳಗಿನ ಎಣಿಕೆಯಲ್ಲಿ ಬಂದಿದ್ದರೆ ಹರಾಜು ರದ್ದಾಗುತ್ತಿತ್ತು. ಬೋರನಹಟ್ಟಿ ಕೆರೆಯದು ರದ್ದಾಗಿದೆ. ಅಲ್ಲಿ ಅಷ್ಟೊಂದು ಕೊಕ್ಕರೆ ಹಿಂದೆಂದೂ ಇರಲಿಲ್ಲವಂತೆ.

ಗಾದೆಮ್ಮ ಸಿಕ್ಕಿಸಿಕೊಂಡಿದ್ದ ಸೆರಗನ್ನು ಬಿಚ್ಚಿ ಮುಖ ಒರೆಸಿಕೊಂಡಳು.

“ಇದನ್ನ ಅವತ್ತು ಕಟ್ಟಿ ಮ್ಯಾಗ ಯಾಕ ಹೇಳಲಿಲ್ಲ?”

“ಹೇಳಾಕ ನೀವು ಬಿಡ್ಲಿಲ್ರಮ್ಮಾ.”

ಅವಳು ಊರಿಗೆ ಬರುವಷ್ಟರಲ್ಲಿ ಗಿಡಗಳ ಬುಡಗಳಷ್ಟೇ ನೀರಿನ ಮೇಲೆ ಕಾಣುತ್ತಿದ್ದವು.

ಬೋರನಹಟ್ಟಿ ಎಂದರೆ ಅವಳು ಮೂಗು ಮುರಿಯುತ್ತಿದ್ದ ಊರು. ಮಜ್ಜಿಗೆ ಕೇಳಿದರೆ ಬಾವಿ ತೋರಿಸುವ ಜನ ಎನ್ನುತ್ತಿದ್ದಳು. ಓಬಳೇಶಪ್ಪನ ತಂಗಿ ನಾಗಲಿಂಗಮ್ಮನನ್ನು ಅಲ್ಲಿಗೇ ಕೊಟ್ಟಿತ್ತು, ಅವಳನ್ನೂ ಗಾದೆಮ್ಮ ಲೆಕ್ಕಕ್ಕೆ ಇಟ್ಟವಳಲ್ಲ. ಯುಗಾದಿಗೆ ಆ ನಾದಿನಿ ಅಣ್ಣನ ಮನೆಗೆ ಬಂದಳು. ನಮ್ಮ ಕೆರೆಯ ಜಾಲಿಗಳ ಮೇಲೆ ಕೊಕ್ಕರೆ ಮರಿ ಮಾಡಿವೆ ಎಂದು ಅಣ್ಣನಿಗೆ ಹೇಳುತ್ತ ಹೋಳಿಗೆ ತಿಂದಳು. ಗಾದೆಮ್ಮ ಒಲೆಯ ಮುಂದೆ ಬೆನ್ನು ಹಾಕಿ ಕೂತು ಕೇಳಿಸಿಕೊಂಡಳು. ಹಂಚಿನ ಮೇಲಿನ ಹೋಳಿಗೆ ಸೀಯುತ್ತಿತ್ತು. ಹುಟ್ಟಿದಾಗಿನಿಂದ ಯಾವ ಜೀವದ ಬಗ್ಗೆಯೂ ಕೇಳದಿದ್ದ ಮಾತು ಅವಳ ಬಾಯಿಂದ ಹೊರಬಿತ್ತು.

“ಎಷ್ಟ್ ಅದಾವು?”

ನಾಗಲಿಂಗಮ್ಮ ತಿನ್ನುವುದನ್ನು ನಿಲ್ಲಿಸಿ ಅತ್ತಿಗೆಯ ಬೆನ್ನನ್ನೇ ನೋಡಿದಳು. ಆಮೇಲೆ ಮುಖ ತಿರುಗಿಸಿದಳು.

“ಒಂದು ಕೆರಿ ಅದಾವು, ಅತ್ತಿಗಿ.”